ಹೊರದೇಶದ ಒಂದು ಕುರ್ಚಿಗೆ ಏಳು ತಿಂಗಳು ಜನ ಹುಡುಕಿದ್ದು

ಎರಡೂವರೆ ವರ್ಷದಲ್ಲಿ ಅದೇ ಕುರ್ಚಿಗೆ ನಾಲ್ಕನೇ ಸಲ ಜನ ಹುಡುಕುವ ಕೆಲಸ ನನ್ನ ಮೇಜಿಗೆ ಬಂತು. ಹೊಸದಾಗಿ ಬರೆಯುವುದೇನೂ ಇರಲಿಲ್ಲ. ಹಳೆಯ ಜಾಹೀರಾತಿನ ಫೈಲ್ ತೆಗೆದೆ, ತಾರೀಖು ಬದಲಿಸಿದೆ, ಹಾಕಿಬಿಟ್ಟೆ. ಹತ್ತು ನಿಮಿಷದ ಕೆಲಸ. ಆ ಹತ್ತು ನಿಮಿಷದ ಸೋಮಾರಿತನವನ್ನು ತೀರಿಸಲು ಏಳು ತಿಂಗಳು ಬೇಕಾಯಿತು.

ನಾನು ಆಗ ಒಂದು ನೆರವು ಸಂಸ್ಥೆಯ ಕೇಂದ್ರ ಕಚೇರಿಯಲ್ಲಿ ನೇಮಕಾತಿ ನೋಡಿಕೊಳ್ಳುತ್ತಿದ್ದೆ. ಸಂಸ್ಥೆಯ ಕೆಲಸವೆಲ್ಲ ಹೊರದೇಶಗಳಲ್ಲಿ. ಯುದ್ಧದಿಂದ ಓಡಿ ಬಂದವರ ಶಿಬಿರಗಳಿಗೆ ನೀರು, ಶೌಚಾಲಯ, ಔಷಧಿ ಒದಗಿಸುವುದು. ಖಾಲಿ ಬಿದ್ದಿದ್ದು ಒಂದು ಫೀಲ್ಡ್ ಕಚೇರಿಯ ಮುಖ್ಯಸ್ಥರ ಜಾಗ. ದೇಶದ ಹೆಸರು ಬರೆಯುವುದಿಲ್ಲ. ಅಲ್ಲಿದ್ದವರು ಇನ್ನೂ ಅಲ್ಲೇ ಇದ್ದಾರೆ. ರಾಜಧಾನಿಯಿಂದ ಸಣ್ಣ ವಿಮಾನದಲ್ಲಿ ಹೋಗಬೇಕು. ಮಳೆ ಜೋರಾದರೆ ಮಣ್ಣಿನ ರನ್‌ವೇ ಮುಚ್ಚುತ್ತದೆ. ಸಿಬ್ಬಂದಿ ಸುಮಾರು ನಲವತ್ತು. ಅದರಲ್ಲಿ ಹೊರಗಿನವರು ಮೂವರು, ಉಳಿದವರೆಲ್ಲ ಆ ನೆಲದವರೇ. ನೆರವು ಕೆಲಸ ಅಂದ ತಕ್ಷಣ ವಿಮಾನದಿಂದ ಇಳಿದು ಬರುವ ವಿದೇಶಿ ಮುಖವೇ ಎಲ್ಲರ ಕಣ್ಣ ಮುಂದೆ ಬರುತ್ತದೆ. ಆದರೆ ಎಲ್ಲಿ ನೋಡಿದರೂ ಈ ಕೆಲಸದ ಬಹುಪಾಲು ಜನ ಆಯಾ ದೇಶದವರೇ ಆಗಿರುತ್ತಾರೆ.

ಇನ್ನೂರು ಚಿಲ್ಲರೆ ಅರ್ಜಿ ಬಂದವು. ಮೊದಲ ಸಲ ಈ ಕೆಲಸ ಮಾಡುವವರಿಗೆ ಆ ಸಂಖ್ಯೆ ನೋಡಿ ಖುಷಿಯಾಗುತ್ತದೆ. ನನಗೆ ಆಗಲಿಲ್ಲ. ತುಂಬ ಜನ ಊರಿನ ಹೆಸರನ್ನೇ ಓದಿರುವುದಿಲ್ಲ. ಇನ್ನು ಕೆಲವರು ಅದೇ ಸಿವಿಯನ್ನು ಅದೇ ದಿನ ಮೂವತ್ತು ಕಡೆ ಕಳಿಸಿರುತ್ತಾರೆ. ಒಬ್ಬರಂತೂ ಪತ್ರದ ಮೇಲೆ ಬೇರೆ ಸಂಸ್ಥೆಯ ಹೆಸರು ಹಾಗೇ ಬಿಟ್ಟಿದ್ದರು. ಜರಡಿ ಹಿಡಿದ ಮೇಲೆ ಉಳಿದವರು ಹನ್ನೊಂದು. ಅಲ್ಲಿನ ಭಾಷೆ ಮಾತಾಡುವವರು ಅದರಲ್ಲಿ ನಾಲ್ವರು. ನೀರಿನ ಕೆಲಸ ಗೊತ್ತಿದ್ದು, ಹಣದ ಲೆಕ್ಕ ಗೊತ್ತಿದ್ದು, ಭಾಷೆಯೂ ಬಂದು, ಜನರನ್ನು ನಡೆಸಿ ಅನುಭವವೂ ಇದ್ದವರು ಇಬ್ಬರು.

ಆ ಇಬ್ಬರಲ್ಲಿ ಮೊದಲನೆಯವರು ಸಂದರ್ಶನದಲ್ಲೇ ಮನಸ್ಸು ಗೆದ್ದರು. ಫೋನಿನಲ್ಲಿ ಒಪ್ಪಿಕೊಂಡರು. ಕಾಗದ ಕಳಿಸಿದೆ. ಎಂಟು ದಿನ ಸದ್ದಿಲ್ಲ. ಒಂಬತ್ತನೇ ದಿನ ಎರಡು ಸಾಲಿನ ಮೇಲ್ ಬಂತು: ಮನೆಯಲ್ಲಿ ಮಾತಾಡಿದೆವು, ಆಗುವುದಿಲ್ಲ, ಕ್ಷಮಿಸಿ.

ಈ 'ಮನೆಯಲ್ಲಿ ಮಾತಾಡಿದೆವು' ಅನ್ನುವ ಮಾತನ್ನು ನಾನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ. ಹೊರದೇಶದ ಕಷ್ಟದ ಊರಿಗೆ ಜನ ಬರುವುದಿಲ್ಲ ಅಂದರೆ ಗುಂಡು, ಬಾಂಬು, ಮಲೇರಿಯಾ ಅಂತ ಎಲ್ಲರೂ ಅಂದುಕೊಳ್ಳುತ್ತಾರೆ. ಅವೂ ಇವೆ. ಆದರೆ ಅದಕ್ಕೆ ಹೆದರುವವರು ಅರ್ಜಿಯನ್ನೇ ಹಾಕುವುದಿಲ್ಲ. ಅರ್ಜಿ ಹಾಕಿ, ಸಂದರ್ಶನ ಮುಗಿಸಿ, ಆಮೇಲೆ ಹಿಂದೆ ಸರಿಯುವವರ ಕಾರಣಗಳೇ ಬೇರೆ. ಗಂಡನಿಗೋ ಹೆಂಡತಿಗೋ ಅಲ್ಲಿ ಕೆಲಸ ಮಾಡಲು ಪರವಾನಗಿ ಸಿಗುವುದಿಲ್ಲ. ಮಗಳು ಹತ್ತನೇ ತರಗತಿ. ತಂದೆಗೆ ಮರೆವು ಶುರುವಾಗಿದೆ. ನಮ್ಮ ಹುದ್ದೆಯಂತೂ ನಾನ್-ಫ್ಯಾಮಿಲಿ ಪೋಸ್ಟಿಂಗ್. ಅಂದರೆ ಕುಟುಂಬವನ್ನು ಕರೆದುಕೊಂಡು ಹೋಗುವಂತೆಯೇ ಇಲ್ಲ. ಎರಡು ವರ್ಷ ಮನೆ ಒಂದು ಕಡೆ, ನೀವು ಒಂದು ಕಡೆ. ಕೆಲವು ವಾರಕ್ಕೊಮ್ಮೆ ಸುಧಾರಿಸಿಕೊಳ್ಳಲು ರಜೆ ಕೊಡುತ್ತೇವೆ. ಆ ರಜೆಯ ಅರ್ಧ ಪ್ರಯಾಣದಲ್ಲೇ ಕಳೆಯುತ್ತದೆ.

ಎರಡನೆಯವರನ್ನು ವಿಶ್ವಸಂಸ್ಥೆಯ ಒಂದು ಅಂಗಸಂಸ್ಥೆ ಎತ್ತಿಕೊಂಡಿತು. ಅದಕ್ಕೆ ಬೇಜಾರು ಮಾಡಿಕೊಂಡರೆ ಅರ್ಥವಿಲ್ಲ. ಅವರ ವ್ಯವಸ್ಥೆಯೇ ಹಾಗಿದೆ. ಊರುಗಳನ್ನು ಕಷ್ಟದ ಪ್ರಮಾಣ ನೋಡಿ 'ಎ'ಯಿಂದ 'ಇ'ವರೆಗೆ ವಿಂಗಡಿಸಿರುತ್ತಾರೆ. ಭದ್ರತೆ, ಆಸ್ಪತ್ರೆ, ಶಾಲೆ, ಮನೆ, ಹವೆ, ಒಂಟಿತನ ಎಲ್ಲಕ್ಕೂ ಅಂಕ. 'ಇ' ಅಂದರೆ ತೀರಾ ಕಷ್ಟದ್ದು. ಅಕ್ಷರ ಮುಂದೆ ಹೋದಷ್ಟೂ ಭತ್ಯೆ ಜಾಸ್ತಿ, ಕುಟುಂಬ ಬಿಟ್ಟು ಇರುವುದಕ್ಕೆ ಬೇರೆ ಭತ್ಯೆ. ನಮ್ಮಂಥ ಮಧ್ಯಮ ಗಾತ್ರದ ಸಂಸ್ಥೆ ಅದರ ಹತ್ತಿರವೂ ಹೋಗಲಾಗದು. ನಾವು ಜನರನ್ನು ಬೆಳೆಸುತ್ತೇವೆ, ಅವರು ಕರೆದುಕೊಳ್ಳುತ್ತಾರೆ. ಹೀಗೇ ನಡೆದಿದೆ.

ಹಾಗಂತ ದುಡ್ಡಿದ್ದವರಿಗೆ ಈ ತಲೆನೋವು ಇಲ್ಲ ಅಂತಲ್ಲ. ಅಮೆರಿಕದ ವಿದೇಶಾಂಗ ಇಲಾಖೆ ಕಷ್ಟದ ಊರಿಗೆ ಹೋಗುವ ತನ್ನ ನೌಕರರಿಗೆ ಮೂಲ ವೇತನದ ಶೇ 35ರವರೆಗೆ ಹೆಚ್ಚುವರಿ ಕೊಡುತ್ತದೆ, ಅಪಾಯ ಇದ್ದರೆ ಅದಕ್ಕೆ ಬೇರೆ. ಅಷ್ಟು ಕೊಟ್ಟರೂ 2007ರ ಅಕ್ಟೋಬರ್‌ನಲ್ಲಿ ಇರಾಕ್‌ಗೆ ಜನ ಸಾಲದೆ 48 ಹುದ್ದೆ ಉಳಿದುಬಿಟ್ಟವು. ಯಾರೂ ಮುಂದೆ ಬರದಿದ್ದರೆ ಆದೇಶ ಕೊಟ್ಟೇ ಕಳಿಸುತ್ತೇವೆ ಎಂದು ಇಲಾಖೆ ಹೇಳಿತು. ನೌಕರರ ಸಭೆಯಲ್ಲಿ ಒಬ್ಬ ಹಿರಿಯ ರಾಜತಾಂತ್ರಿಕರು ಎದ್ದು ನಿಂತು, ಇದು ಸಾವಿನ ಶಿಕ್ಷೆಯೂ ಆಗಬಹುದು, ಸತ್ತರೆ ಮಕ್ಕಳನ್ನು ಯಾರು ನೋಡಿಕೊಳ್ಳುತ್ತಾರೆ ಎಂಬರ್ಥದಲ್ಲಿ ಕೇಳಿದ್ದು ಜಗತ್ತಿನೆಲ್ಲೆಡೆ ಸುದ್ದಿಯಾಯಿತು. ಕೊನೆಗೆ ತಾವಾಗಿ ಮುಂದೆ ಬಂದವರಿಂದಲೇ ಆ ಜಾಗಗಳು ತುಂಬಿದವು, ಬಲವಂತ ಮಾಡಬೇಕಾಗಲಿಲ್ಲ. ನನಗೆ ಆ ಪ್ರಸಂಗದಲ್ಲಿ ನೆನಪಿರುವುದು ಮಕ್ಕಳ ಪ್ರಶ್ನೆ. ಅಷ್ಟು ದೊಡ್ಡ ಸರ್ಕಾರದಲ್ಲೂ ಮಾತು ಬಂದು ನಿಂತಿದ್ದು ಮನೆಯ ಹತ್ತಿರವೇ ಅಲ್ವಾ?

ಮೂರನೇ ತಿಂಗಳಲ್ಲಿ ಹಟ ಸ್ವಲ್ಪ ಸಡಿಲಿಸಿದೆವು. ಭಾಷೆ ಬರದಿದ್ದರೂ ಪರವಾಗಿಲ್ಲ ಎಂದೆವು. ಒಬ್ಬರು ಸಿಕ್ಕಿದರು. ಹದಿನೈದು ವರ್ಷದ ಅನುಭವ, ಐದು ದೇಶ, ಮೂರು ಶಿಫಾರಸು ಪತ್ರ. ಮೂರೂ ಬಂಗಾರ. ನಮ್ಮ ನಿರ್ದೇಶಕರು ಮರುದಿನವೇ ಕಳಿಸಿಬಿಡಿ ಎಂದರು.

ಶಿಫಾರಸು ಪತ್ರಗಳನ್ನು ನಾನು ನಂಬುವುದನ್ನು ಬಿಟ್ಟು ತುಂಬ ಕಾಲವಾಯಿತು. ಅಭ್ಯರ್ಥಿ ತಾನೇ ಆರಿಸಿದ ಮೂವರು ಕೆಟ್ಟದ್ದನ್ನು ಯಾಕೆ ಬರೆಯುತ್ತಾರೆ? 2018ರಲ್ಲಿ ನೆರವು ವಲಯದಲ್ಲಿ ಒಂದು ದೊಡ್ಡ ಹಗರಣ ಹೊರಬಿತ್ತು. ಒಂದು ಕಡೆ ಲೈಂಗಿಕ ದುರ್ನಡತೆ ಮಾಡಿ ಹೊರಬಿದ್ದವರು ಇನ್ನೊಂದು ದೇಶದಲ್ಲಿ, ಇನ್ನೊಂದು ಸಂಸ್ಥೆಯಲ್ಲಿ ಆರಾಮಾಗಿ ಕೆಲಸ ಹಿಡಿದಿದ್ದರು ಅಂತ ಆಗ ಎಲ್ಲರಿಗೂ ಗೊತ್ತಾಯಿತು. ಗಡಿ ದಾಟಿದರೆ ಹಳೆಯ ಕಡತ ಹಿಂದೆಯೇ ಉಳಿಯುತ್ತಿತ್ತು. ಆಮೇಲೆ ಹಲವು ಸಂಸ್ಥೆಗಳು ಸೇರಿ ಒಂದು ಏರ್ಪಾಟು ಮಾಡಿಕೊಂಡವು. ಹೊಸದಾಗಿ ಸೇರುವವರು ಹಿಂದಿನ ಐದು ವರ್ಷ ಎಲ್ಲೆಲ್ಲಿ ಕೆಲಸ ಮಾಡಿದ್ದರೋ ಅಲ್ಲೆಲ್ಲ ಒಂದು ಫಾರಂ ಕಳಿಸಿ, ಇವರ ಮೇಲೆ ಇಂಥ ದೂರು ಸಾಬೀತಾಗಿತ್ತೇ ಎಂದು ನೇರವಾಗಿ ಕೇಳುವುದು. ನಾವೂ ಅದರಲ್ಲಿ ಇದ್ದೆವು.

ನಾಲ್ಕು ಫಾರಂ ಕಳಿಸಿದೆ. ಮೂರು ಬೇಗ ಬಂದವು. ನಾಲ್ಕನೆಯದು ಬರಲಿಲ್ಲ. ನಿರ್ದೇಶಕರು ದಿನಾ ಕೇಳುತ್ತಿದ್ದರು. ಮೂರು ವಾರ ಕಾದಿದ್ದಕ್ಕೆ ನನ್ನನ್ನು ಕಾಗದದ ಹುಳು ಎಂದು ಬೇರೆ ಕರೆದರು, ತಮಾಷೆಗೆ, ಆದರೆ ಪೂರ್ತಿ ತಮಾಷೆಗಲ್ಲ. ನಾಲ್ಕನೇ ಫಾರಂ ಬಂತು. 'ಹೌದು' ಎನ್ನುವ ಚೌಕದಲ್ಲಿ ಗುರುತು ಹಾಕಿತ್ತು. ಅಷ್ಟೇ, ವಿವರಣೆ ಇರಲಿಲ್ಲ. ಆ ಊರಿನ ಶಿಬಿರದಲ್ಲಿ ಗಂಡಸರಿಲ್ಲದ ಮನೆಗಳೇ ಜಾಸ್ತಿ. ನೀರಿನ ಟೋಕನ್‌ಗಾಗಿ ಸಾಲಿನಲ್ಲಿ ನಿಲ್ಲುವ ಹುಡುಗಿಯರ ಮುಂದೆ ಈ ಮನುಷ್ಯನನ್ನು ಕೂರಿಸುವವರಿದ್ದೆವು. ಆ ರಾತ್ರಿ ನನಗೆ ಸರಿಯಾಗಿ ನಿದ್ದೆ ಬರಲಿಲ್ಲ.

ಮತ್ತೆ ಮೊದಲಿನಿಂದ ಶುರು.

ಐದನೇ ತಿಂಗಳಲ್ಲಿ ಸಿಕ್ಕಿದವರಲ್ಲಿ ಎಲ್ಲ ಸರಿ ಇತ್ತು. ಮನೆಯವರ ಒಪ್ಪಿಗೆ ಇತ್ತು, ಫಾರಂಗಳು ಬಂದವು, ವೈದ್ಯಕೀಯ ತಪಾಸಣೆ ಆಯಿತು. ಭದ್ರತಾ ತರಬೇತಿಗೂ ಕಳಿಸಿದೆವು. ಕೆಲವು ದಿನಗಳ ತರಬೇತಿ ಅದು. ತಪಾಸಣಾ ಠಾಣೆಯಲ್ಲಿ ಕೈ ಎಲ್ಲಿಡಬೇಕು, ಅಪಹರಣವಾದರೆ ಮೊದಲ ಒಂದು ಗಂಟೆ ಹೇಗೆ ಕಳೆಯಬೇಕು, ರಕ್ತ ನಿಲ್ಲಿಸುವುದು ಹೇಗೆ, ಎಲ್ಲ ಮಾಡಿಸುತ್ತಾರೆ. ಕೆಲವು ಸಂಸ್ಥೆಗಳು ಮೊದಲು ಇದನ್ನು ಸುಮ್ನೆ ಔಪಚಾರಿಕ ಅಂತ ನೋಡುತ್ತಿದ್ದವು. ಕೀನ್ಯಾದ ದಾದಾಬ್ ಶಿಬಿರದಲ್ಲಿ 2012ರಲ್ಲಿ ಅಪಹರಣಕ್ಕೊಳಗಾದ ನೌಕರರೊಬ್ಬರು ತಮ್ಮ ಸಂಸ್ಥೆಯ ಮೇಲೆಯೇ ಮೊಕದ್ದಮೆ ಹೂಡಿದರು. 2015ರಲ್ಲಿ ಓಸ್ಲೋ ನ್ಯಾಯಾಲಯ ಅವರ ಪರ ತೀರ್ಪು ಕೊಟ್ಟಿತು. ಸಂಸ್ಥೆ ಗಂಭೀರ ನಿರ್ಲಕ್ಷ್ಯ ತೋರಿದೆ ಎಂದಿತು. ಆಮೇಲೆ ನಮ್ಮಂಥವರ ಎಲ್ಲ ಕಚೇರಿಗಳಲ್ಲೂ ಕಡತಗಳು ದಪ್ಪವಾದವು. ಕಡತ ದಪ್ಪವಾದಷ್ಟೂ ಜನ ಸುರಕ್ಷಿತ ಅಂತ ನಾನು ಹೇಳಲಾರೆ. ಆದರೆ ಕೇಳಬೇಕಾದ ಪ್ರಶ್ನೆಯನ್ನು ಹೋಗುವ ಮೊದಲೇ ಕೇಳುತ್ತಾರೆ, ಅಷ್ಟಾದರೂ ಆಗಿದೆ.

ವೀಸಾಕ್ಕೆ ಹಾಕಿದೆವು. ಒಂಬತ್ತು ವಾರ ಕಾದೆವು. ಬರಲಿಲ್ಲ. ಕಾರಣ ಕೇಳಿದರೆ, ಪರಿಶೀಲನೆಯಲ್ಲಿದೆ. ಕೊನೆಗೆ ಆಗುವುದಿಲ್ಲ ಎಂದರು, ಯಾಕೆ ಅಂತ ಹೇಳಲಿಲ್ಲ. ಹೇಳಬೇಕಾಗಿಯೂ ಇಲ್ಲ. ರಾಯಭಾರಿಗಳ ಗತಿಯೇ ಹಾಗಿರುವಾಗ ನಮ್ಮದೇನು? 1961ರ ವಿಯೆನ್ನಾ ಒಪ್ಪಂದದ 9ನೇ ವಿಧಿಯ ಪ್ರಕಾರ, ಆತಿಥ್ಯ ಕೊಡುವ ದೇಶ ಯಾವುದೇ ರಾಜತಾಂತ್ರಿಕರನ್ನು ಬೇಡ ಅನ್ನಬಹುದು, ಕಾರಣ ಕೊಡಬೇಕಿಲ್ಲ. 11ನೇ ವಿಧಿ ನೋಡಿದರೆ, ನಿಮ್ಮ ಕಚೇರಿಯಲ್ಲಿ ಇಷ್ಟೇ ಜನ ಇರಲಿ ಅಂತಲೂ ಹೇಳಬಹುದು. ಬೇರೆಯವರ ಮನೆಯಲ್ಲಿ ಕೆಲಸ ಮಾಡುವಾಗ ಬಾಗಿಲು ಅವರ ಕೈಯಲ್ಲಿರುತ್ತದೆ.

ಈ ಐದಾರು ತಿಂಗಳು ಆ ಕಚೇರಿ ನಡೆಯುತ್ತಿದ್ದುದು ಹೇಗೆ? ಉಪಮುಖ್ಯಸ್ಥೆ ನಡೆಸುತ್ತಿದ್ದರು. ಅದೇ ಊರಿನವರು. ಒಂಬತ್ತು ವರ್ಷದಿಂದ ಅಲ್ಲಿದ್ದಾರೆ. ಆರು ಮುಖ್ಯಸ್ಥರನ್ನು ನೋಡಿದ್ದಾರೆ. ಪ್ರತಿಯೊಬ್ಬರಿಗೂ ಬಾವಿ ಎಲ್ಲಿದೆ, ಯಾವ ಗುತ್ತಿಗೆದಾರ ಸಿಮೆಂಟ್ ಕದಿಯುತ್ತಾನೆ, ಯಾವ ರಸ್ತೆಯಲ್ಲಿ ಸಂಜೆ ನಾಲ್ಕರ ನಂತರ ಹೋಗಬಾರದು ಎಂದು ಮೊದಲಿನಿಂದ ಹೇಳಿಕೊಟ್ಟಿದ್ದಾರೆ. ಅವರು ಕಲಿಯುವ ಹೊತ್ತಿಗೆ ಅವಧಿ ಮುಗಿಯುತ್ತಿತ್ತು. ಪ್ರತಿ ಮಂಗಳವಾರದ ಕರೆಯಲ್ಲಿ ಕೊನೆಗೆ ಉಪಮುಖ್ಯಸ್ಥೆ ಒಂದೇ ಪ್ರಶ್ನೆ ಕೇಳುತ್ತಿದ್ದರು: "ಯಾರಾದರೂ ಸಿಕ್ಕಿದರಾ?"

ವೀಸಾ ತಿರಸ್ಕಾರವಾದ ವಾರ ನಾನು ನಿರ್ದೇಶಕರ ಬಳಿ ಹೋಗಿ, ಇವರನ್ನೇ ಮುಖ್ಯಸ್ಥೆ ಮಾಡಿಬಿಡೋಣ ಎಂದೆ. ನನಗೆ ನನ್ನ ಬುದ್ಧಿವಂತಿಕೆಯ ಮೇಲೆ ಸ್ವಲ್ಪ ಹೆಮ್ಮೆಯೇ ಆಗಿತ್ತು.

ಮೊದಲು ಬಂದಿದ್ದು ಸಂಬಳದ ತೊಡಕು. ನಮ್ಮಲ್ಲಿ ಎರಡು ಪಟ್ಟಿಗಳು. ಹೊರಗಿನಿಂದ ಹೋದವರಿಗೆ ಒಂದು, ಅಲ್ಲಿಯವರಿಗೆ ಇನ್ನೊಂದು. ವಿಶ್ವಸಂಸ್ಥೆಯಲ್ಲೂ ಹೀಗೇ. ಅಂತರರಾಷ್ಟ್ರೀಯ ಸಿಬ್ಬಂದಿಗೆ ನೋಬಲ್‌ಮೇರ್ ತತ್ವ. ಯಾವ ದೇಶದ ಸರ್ಕಾರಿ ನೌಕರಿಯ ಸಂಬಳ ಎಲ್ಲಕ್ಕಿಂತ ಹೆಚ್ಚೋ ಅದೇ ಅಳತೆಗೋಲು. ಅಲ್ಲಿಯೇ ನೇಮಕವಾದವರಿಗೆ ಫ್ಲೆಮಿಂಗ್ ತತ್ವ. ಆ ಊರಿನಲ್ಲಿ ಒಳ್ಳೆಯ ಮಾಲೀಕರು ಏನು ಕೊಡುತ್ತಾರೋ ಅದಕ್ಕೆ ಹೊಂದಿಸಿದ್ದು. ಎರಡಕ್ಕೂ ತಮ್ಮದೇ ತರ್ಕ ಇದೆ. ದೊಡ್ಡ ಸಂಬಳ ಕೊಟ್ಟು ಅಲ್ಲಿಯ ಸರ್ಕಾರಿ ಆಸ್ಪತ್ರೆಯ ವೈದ್ಯರನ್ನೆಲ್ಲ ನಾವೇ ಎಳೆದುಕೊಂಡರೆ ಆ ಆಸ್ಪತ್ರೆಯ ಗತಿಯೇನು? ಆದರೆ ಒಂದೇ ಕೋಣೆಯಲ್ಲಿ ಎದುರುಬದುರು ಕೂತವರ ಸಂಬಳದಲ್ಲಿ ಹಲವು ಪಟ್ಟು ಅಂತರ ಇರುತ್ತದೆ. ಅದರಲ್ಲೂ ಕಡಿಮೆ ಪಡೆಯುವವರೇ ಹೆಚ್ಚು ಪಡೆಯುವವರಿಗೆ ಕೆಲಸ ಕಲಿಸುತ್ತಿರುತ್ತಾರೆ. ಅದನ್ನು ಯಾವ ತತ್ವ ಸರಿ ಅನ್ನುತ್ತದೆ? ಅಂತೂ ಜಗಳವಾಡಿ ಹೊಸ ದರ್ಜೆಗೆ ಒಪ್ಪಿಗೆ ತೆಗೆದುಕೊಂಡೆ. ಈ ವಿಷಯವನ್ನು ಫೋನಿನಲ್ಲಿ ಹೇಳಬಾರದು ಅನ್ನಿಸಿತು. ವಿಮಾನ ಹತ್ತಿದೆ.

ಅವರು ಪೂರ್ತಿ ಕೇಳಿಸಿಕೊಂಡರು. ಆಮೇಲೆ, "ಬೇಡ" ಎಂದರು.

ನಾನು ಸಂಬಳದ ಅಂಕಿಯನ್ನು ಇನ್ನೊಮ್ಮೆ ಹೇಳಿದೆ. ಈಗಲೂ ನೆನಸಿಕೊಂಡರೆ ನಾಚಿಕೆಯಾಗುತ್ತದೆ.

"ಕಳೆದ ತಿಂಗಳು ಇಲ್ಲಿನ ಶಸ್ತ್ರಧಾರಿಗಳ ಕಮಾಂಡರ್ ಕಡೆಯವರು ಬಂದಿದ್ದರು" ಎಂದರು ಅವರು. "ಹನ್ನೆರಡು ಹೆಸರಿನ ಪಟ್ಟಿ ತಂದಿದ್ದರು. ಇವರನ್ನು ಕಾವಲುಗಾರರನ್ನಾಗಿ, ಚಾಲಕರನ್ನಾಗಿ ಸೇರಿಸಿಕೊಳ್ಳಿ ಅಂತ. ಮುಖ್ಯಸ್ಥರು ಇಲ್ಲ, ಬಂದ ಮೇಲೆ ಕೇಳುತ್ತೇನೆ ಎಂದೆ. ಆರು ತಿಂಗಳಿಂದ ಎಲ್ಲಕ್ಕೂ ಅದೇ ಹೇಳುತ್ತಿದ್ದೇನೆ. ನಾನೇ ಮುಖ್ಯಸ್ಥೆಯಾದರೆ ಏನು ಹೇಳಲಿ?"

ನಾನು ಸುಮ್ಮನೆ ಕೂತೆ.

"ಹೊರಗಿನವರು ಇಲ್ಲ ಅಂದರೆ ಅವರು ಸಿಟ್ಟಾಗುತ್ತಾರೆ. ತೀರಾ ಹದಗೆಟ್ಟರೆ ನೀವು ಅವರನ್ನು ವಿಮಾನ ಹತ್ತಿಸುತ್ತೀರಿ. ನನ್ನ ತಮ್ಮನ ಅಂಗಡಿ ಇಲ್ಲೇ ಇದೆ. ಅಮ್ಮ ಇಲ್ಲೇ ಇದ್ದಾರೆ. ನನ್ನನ್ನು ಎಲ್ಲಿಗೆ ಹತ್ತಿಸುತ್ತೀರಿ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಭದ್ರತಾ ಯೋಜನೆಯಲ್ಲಿ ನಲವತ್ತು ಪುಟ ಇತ್ತು. ಸ್ಥಳಾಂತರದ ಅಧ್ಯಾಯದಲ್ಲಿ ಹೊರಗಿನ ಮೂವರ ಬಗ್ಗೆ ಎಲ್ಲ ವಿವರ ಇತ್ತು. ಸ್ಥಳೀಯ ಸಿಬ್ಬಂದಿ ಬಗ್ಗೆ ಒಂದು ಪ್ಯಾರಾ: ಮನೆಯಲ್ಲೇ ಇರಬೇಕು, ಮೂರು ತಿಂಗಳ ಸಂಬಳ ಮುಂಗಡ ಕೊಡಲಾಗುವುದು. 2021ರ ಆಗಸ್ಟ್‌ನಲ್ಲಿ ಕಾಬೂಲ್ ವಿಮಾನ ನಿಲ್ದಾಣದ ಹೊರಗೆ ನಿಂತಿದ್ದ ಜನರ ಚಿತ್ರ ನೆನಪಾಯಿತು. ವಿದೇಶಿ ಸರ್ಕಾರಗಳಿಗೆ ವರ್ಷಗಟ್ಟಲೆ ದುಡಿದ ದುಭಾಷಿಗಳೂ ಕಚೇರಿ ನೌಕರರೂ ಆ ಗುಂಪಿನಲ್ಲಿದ್ದರು. 2024ರಲ್ಲಿ ಜಗತ್ತಿನಾದ್ಯಂತ 380ಕ್ಕೂ ಹೆಚ್ಚು ನೆರವು ಕೆಲಸಗಾರರು ಕೊಲ್ಲಲ್ಪಟ್ಟರು. ಅವರಲ್ಲಿ ಬಹುತೇಕರು ತಮ್ಮದೇ ನೆಲದಲ್ಲಿ ಸೇವೆ ಮಾಡುತ್ತಿದ್ದವರು. ಆ ಅಂಕಿ ನೋಡಿದಾಗಲೆಲ್ಲ ನನಗೆ ಆ ಒಂದು ಪ್ಯಾರಾ ನೆನಪಿಗೆ ಬರುತ್ತದೆ.

ರೆಡ್ ಕ್ರಾಸ್ ಅಂತರರಾಷ್ಟ್ರೀಯ ಸಮಿತಿ 1990ರ ದಶಕದ ಆರಂಭದವರೆಗೂ ತನ್ನ ಪ್ರತಿನಿಧಿಗಳನ್ನಾಗಿ ಸ್ವಿಸ್ ಪ್ರಜೆಗಳನ್ನು ಮಾತ್ರ ಕಳಿಸುತ್ತಿತ್ತು ಎಂದು ಹಿಂದೆ ಓದಿದಾಗ, ಇದೆಂಥ ಹಳೇ ಕಾಲದ ಅಹಂಕಾರ ಅಂದುಕೊಂಡಿದ್ದೆ. ಯಾರ ಕಡೆಯವರೂ ಅಲ್ಲದ ಮುಖ ಬೇಕು ಅನ್ನುವುದು ಅವರ ಲೆಕ್ಕ. ಆ ಸಂಜೆ ಅದು ಅಷ್ಟು ದಡ್ಡ ಲೆಕ್ಕವಾಗಿ ಕಾಣಲಿಲ್ಲ. ಸ್ಥಳೀಯರಿಗೇ ನಾಯಕತ್ವ ಕೊಡಬೇಕು ಎಂದು ನಾವು ಸಮ್ಮೇಳನಗಳಲ್ಲಿ ಹೇಳುತ್ತೇವೆ, ಹೇಳಬೇಕಾದದ್ದೇ. ಆದರೆ ಕೊಡುವಾಗ ಅಧಿಕಾರದ ಜೊತೆ ಅಪಾಯವನ್ನೂ ಅವರ ತಲೆಗೆ ಕಟ್ಟಿ, ನಾವು ಉಳಿತಾಯ ಮಾಡಿಕೊಂಡೆವು ಅಂತ ಖುಷಿಪಟ್ಟರೆ ಅದಕ್ಕೆ ಬೇರೆ ಹೆಸರಿದೆ.

ಎರಡು ದಿನ ಅಲ್ಲೇ ಕೂತು ಇಬ್ಬರೂ ಆ ಹುದ್ದೆಯನ್ನು ಬಿಚ್ಚಿ ನೋಡಿದೆವು. ಮುಖ್ಯಸ್ಥರು ದಿನವಿಡೀ ಮಾಡುವ ಕೆಲಸಗಳೇನು ಎಂದು ಬರೆದೆವು. ನೀರಿನ ಯೋಜನೆ, ಬಜೆಟ್, ಸಿಬ್ಬಂದಿ, ಸಮುದಾಯದ ಸಭೆ, ವರದಿ, ಹೀಗೆ ಮೂವತ್ತೊಂದು ಬಾಬತ್ತು. ಪ್ರತಿಯೊಂದಕ್ಕೂ ಒಂದೇ ಪ್ರಶ್ನೆ ಕೇಳಿದೆ: ಇದನ್ನು ಮಾಡಿದರೆ ನಿಮ್ಮ ಮನೆಗೆ ಯಾರಾದರೂ ಬರುತ್ತಾರಾ? ಇಪ್ಪತ್ನಾಲ್ಕಕ್ಕೆ ಇಲ್ಲ ಎಂದರು. ಉಳಿದದ್ದು ಏಳು. ಜನರನ್ನು ಸೇರಿಸುವುದು, ತೆಗೆಯುವುದು, ಟೆಂಡರ್, ವಾಹನ ಬಾಡಿಗೆ, ಫಲಾನುಭವಿಗಳ ಪಟ್ಟಿ, ಶಸ್ತ್ರಧಾರಿಗಳ ಜೊತೆ ಮಾತುಕತೆ, ಹಣ ಸಾಗಿಸುವುದು.

ನಾವು ಎರಡೂವರೆ ವರ್ಷ ನೀರಿನ ತಜ್ಞರೂ ಭಾಷೆ ಬಲ್ಲವರೂ ಆದ ಮುಖ್ಯಸ್ಥರನ್ನು ಹುಡುಕಿದ್ದೆವು. ಅವೆರಡೂ ಅಲ್ಲಿ ಮೊದಲೇ ಇದ್ದವು. ಬೇಕಾಗಿದ್ದುದು ಗಟ್ಟಿಯಾಗಿ ಇಲ್ಲ ಅನ್ನಬಲ್ಲ, ಹೊರಗಿನ, ಲೆಕ್ಕಪತ್ರ ಗೊತ್ತಿರುವ ಒಬ್ಬರು ಮಾತ್ರ.

ವಾಪಸು ಬಂದು ಹಳೆಯ ಫೈಲ್ ಅಳಿಸಿ ಹೊಸ ಜಾಹೀರಾತು ಬರೆದೆ. ಯೋಜನೆಯ ಹೊಣೆ ಪೂರ್ತಿ ಉಪಮುಖ್ಯಸ್ಥೆಗೆ, ಹೊಸ ದರ್ಜೆ, ಹೊಸ ಸಂಬಳ. ಹೊರಗಿನವರಿಗೆ ಆ ಏಳು ಬಾಬತ್ತು. ಸ್ಥಳಾಂತರದ ಅಧ್ಯಾಯವನ್ನೂ ಮತ್ತೆ ಬರೆದೆವು. ಬೆದರಿಕೆ ಬಂದರೆ ಸ್ಥಳೀಯ ಸಿಬ್ಬಂದಿಯನ್ನು ಕುಟುಂಬದ ಜೊತೆ ಬೇರೆ ಊರಿಗೆ ಸಾಗಿಸಲು ಹಣ ಮೀಸಲಿಡಲಾಯಿತು. ನಾನು ಕೇಳಿದ್ದಕ್ಕಿಂತ ಕಡಿಮೆ ಸಿಕ್ಕಿತು. ಅದು ಸಾಕಾಗುತ್ತದೆ ಅಂತ ನಾನು ಆಗಲೂ ನಂಬಿರಲಿಲ್ಲ.

ಈ ಸಲ ಬಂದ ಅರ್ಜಿ ಬರೀ ಅರವತ್ತು. ಆರಿಸಿದವರು ಐವತ್ತೆಂಟು ವರ್ಷದ ಮಹಿಳೆ, ಮೊದಲು ಲೆಕ್ಕ ಪರಿಶೋಧಕಿ. ಮಕ್ಕಳು ದೊಡ್ಡವರಾಗಿ ಮನೆ ಬಿಟ್ಟಿದ್ದರು. ಮನೆಯಲ್ಲಿ ಮಾತಾಡಿದ್ದೀರಾ ಎಂದು ಸಂದರ್ಶನದಲ್ಲಿ ನಾನೇ ಕೇಳಿದೆ. "ಮಾತಾಡಲು ಯಾರಿದ್ದಾರೆ, ಬೆಕ್ಕನ್ನು ಪಕ್ಕದ ಮನೆಯವರು ನೋಡಿಕೊಳ್ಳುತ್ತಾರೆ" ಎಂದು ನಕ್ಕರು. ವೀಸಾ ಐದು ವಾರದಲ್ಲಿ ಬಂತು. ಈ ಸಲ ಯಾಕೆ ಬಂತು ಅಂತಲೂ ಯಾರೂ ಹೇಳಲಿಲ್ಲ.

ಅವರು ಕೆಲಸಕ್ಕೆ ಸೇರಿದ ಎರಡನೇ ವಾರ ಕಮಾಂಡರ್ ಕಡೆಯವರು ಅದೇ ಪಟ್ಟಿ ಹಿಡಿದು ಬಂದರಂತೆ. ಹೊಸಬರು ಕನ್ನಡಕ ಹಾಕಿಕೊಂಡು ಹನ್ನೆರಡೂ ಹೆಸರು ಓದಿದರು. ನಮ್ಮ ನಿಯಮದಲ್ಲಿ ಇದಕ್ಕೆ ಅವಕಾಶವಿಲ್ಲ, ಜಾಹೀರಾತು ಬಂದಾಗ ಎಲ್ಲರ ಜೊತೆ ಅರ್ಜಿ ಹಾಕಲಿ, ನನ್ನ ಸಹಿ ಇಲ್ಲದೆ ಇಲ್ಲಿ ಒಂದು ಬೀಗವನ್ನೂ ಕೊಳ್ಳುವಂತಿಲ್ಲ ಎಂದರು. ಉಪಮುಖ್ಯಸ್ಥೆ ಪಕ್ಕದಲ್ಲಿ ನಿಂತು, ಮುಖದಲ್ಲಿ ಏನನ್ನೂ ತೋರಿಸದೆ, ವಾಕ್ಯವಾಕ್ಯವನ್ನೂ ಅಲ್ಲಿನ ಭಾಷೆಗೆ ಹೇಳಿದರು. ಬಂದವರು ಪಾಪ ಅವರ ಮೇಲೆ ಕನಿಕರವೇ ತೋರಿಸಿದರಂತೆ, ಎಂಥ ಕಲ್ಲಿನಂಥ ಹೆಂಗಸಿನ ಕೈಕೆಳಗೆ ಸಿಕ್ಕಿದೆ ಅಂತ.

ಆ ಮೂರು ವಾಕ್ಯಗಳನ್ನು ಹಿಂದಿನ ರಾತ್ರಿ ಬರೆದುಕೊಟ್ಟವರು ಉಪಮುಖ್ಯಸ್ಥೆಯೇ. ಮಂಗಳವಾರದ ಕರೆಯಲ್ಲಿ ನನಗೆ ಇದನ್ನು ಹೇಳುವಾಗ ತುಂಬ ಹೊತ್ತು ನಗುತ್ತಿದ್ದರು.